ರೇವಣನ ಕಣ್ಣು

ಮನೆಯಲ್ಲಿ ಒಂದು ಕೋಣೆ ಕಡಿಮೆಯಿದ್ದರೆ ಸಾಕು, ಜಗಳಕ್ಕೆ ಬೇರೆ ಕಾರಣ ಹುಡುಕುವ ಕಷ್ಟವಿರುವುದಿಲ್ಲ. ಹೈದರಾಬಾದಿನ ಮೆಹದಿಪಟ್ಟಣಂನ ಹಳೇ ಕಾಲೊನಿಯಲ್ಲಿದ್ದ ಹಂಪಯ್ಯನವರ ಮನೆಯಲ್ಲಿ ಎರಡು ಕೋಣೆ, ಒಂದು ಪಡಸಾಲೆ, ಒಂದು ಅಡುಗೆಮನೆ. ಒಳಕೋಣೆಯಲ್ಲಿ ಹಂಪಯ್ಯ ಮತ್ತು ಹೆಂಡತಿ ಶಂಕ್ರಮ್ಮ. ಪಡಸಾಲೆಯಲ್ಲಿ ಮಗ ಸಾಯಿಕುಮಾರ ಮತ್ತು ಸೊಸೆ ವೇದವತಿ ಹಾಸಿಗೆ ಬಿಚ್ಚುತ್ತಿದ್ದರು. ಗಾಳಿ ಬೆಳಕು ಚೆನ್ನಾಗಿದ್ದ ಹೊರಕೋಣೆ ಮಾತ್ರ ಹಿರಿಮಗಳು ಗಂಗಾಳದು. ಅಲ್ಲಿ ಅವಳು ಮಲಗುತ್ತಿದ್ದಳು ಎನ್ನುವುದಕ್ಕಿಂತ ಅವಳ ಫೋಟೋಗಳು, ಬಟ್ಟೆಯ ಸುರುಳಿಗಳು, ದಾರದ ಉಂಡೆಗಳು ಮಲಗುತ್ತಿದ್ದವು, ಅವುಗಳ ನಡುವೆ ಅವಳಿಗೂ ಒಂದಿಷ್ಟು ಜಾಗವಿತ್ತು ಎನ್ನುವುದೇ ಸರಿ.

“ಅಕ್ಕಾ, ಇಕಿಗೆ ಏಳನೇ ತಿಂಗಳು,” ಎಂದ ಸಾಯಿಕುಮಾರ ಆ ಭಾನುವಾರ ಊಟಕ್ಕೆ ಕುಳಿತಾಗ. “ನಾಳೆ ತೊಟ್ಟಿಲಾ ಎಲ್ಲಿ ಕಟ್ಟೋದು? ಬಸ್ ಸ್ಟ್ಯಾಂಡಿನಾಗ?”

“ನನ್ನ ಪ್ರದರ್ಶನ ಒಂದು ಮುಗೀಲಿ. ಎಲ್ಲಾ ಛತ್ತಿನ ಮ್ಯಾಲಿನ ಶೆಡ್ಡಿಗೆ ಹಾಕ್ತೀನಿ ಅಂದೀನಲ್ಲ.”

“ಹ್ವಾದ ದೀಪಾವಳಿಗೂ ಇದೇ ಮಾತು. ನಾ ನೈಟ್ ಶಿಫ್ಟ್ ಮಾಡಿ ಪಟಾನ್‌ಚೆರುದಿಂದ ಬರ್ತೀನಿ, ಹಗಲಿ ಪಡಸಾಲ್ಯಾಗ ಮಲಗಿದ್ರ ನಿನ್ನ ಫೋಟೋದ ಮಂದಿ ನನ್ನ ದಾಟಿ ದಾಟಿ ಹೋಗ್ತಾರ. ಮೊನ್ನೆ ಒಬ್ಬಾಕಿ ಕಾಲೇ ತುಳದ್ಲು.”

“ತುಳದು ಸಾರಿ ಅಂದಳಲ್ಲ,” ಎಂದಳು ಗಂಗಾ.

ಮಾವನ ತಟ್ಟೆಗೆ ಪುಂಡಿಪಲ್ಯ ಬಡಿಸುತ್ತಿದ್ದ ವೇದವತಿ ನಗು ತಡೆಯಲಾರದೆ ಒಳಗೆ ಹೋದಳು. ಶಂಕ್ರಮ್ಮ ಒಲೆಯ ಮುಂದಿನಿಂದಲೇ ಕೂಗಿದಳು: “ಉಣ್ಣೋ ಮುಂದ ಜಗಳಾ ಬ್ಯಾಡ್ರಿ. ರೊಟ್ಟಿ ಆರಾಕತ್ತಾವು.”

ಗಂಗಾ ಮಾಡುವ ಕೆಲಸವೇನೆಂದು ಓಣಿಯಲ್ಲಿ ಯಾರಿಗೂ ಸರಿಯಾಗಿ ಗೊತ್ತಿರಲಿಲ್ಲ. ಹೊಟ್ಟೆಪಾಡಿಗೆ ಮದುವೆಯ ಆಲ್ಬಂ ಮಾಡುತ್ತಾಳೆ ಎಂದು ಕೆಲವರು, ಕೌದಿ ಹೊಲಿದು ಮಾರುತ್ತಾಳೆ ಎಂದು ಕೆಲವರು. ಎರಡೂ ಸುಳ್ಳಲ್ಲ. ಅವಳು ಹಳೆಯ ಮನೆಗಳಿಂದ, ಗುಜರಿ ಅಂಗಡಿಗಳಿಂದ, ಹಿಂದೆ ಕೈಯಿಂದ ಬಣ್ಣ ಹಚ್ಚುತ್ತಿದ್ದ ಕಪ್ಪುಬಿಳುಪು ಫೋಟೋಗಳನ್ನು ತರುತ್ತಿದ್ದಳು. ಒದ್ದೆ ಹತ್ತಿಯಿಂದ ಅರ್ಧ ಮುಖದ ಬಣ್ಣ ಒರೆಸುತ್ತಿದ್ದಳು. ಹಾಗೆ ಅರ್ಧ ಬಣ್ಣ, ಅರ್ಧ ಬೂದಿಯಾದ ಮುಖವನ್ನು ದೊಡ್ಡದು ಮಾಡಿ ಬಟ್ಟೆಯ ಮೇಲೆ ಅಚ್ಚು ಹಾಕಿಸಿ, ಬಣ್ಣ ಹೋದ ಜಾಗದಲ್ಲೆಲ್ಲ ಕೌದಿಯ ಹೊಲಿಗೆ ಹಾಕುತ್ತಿದ್ದಳು. “ಬಣ್ಣದ ಕೆಳಗ ಇರೋದು ಖರೆ,” ಎನ್ನುವುದು ಅವಳ ಮಾತು. ಕಲಿತವರ ಬಾಯಲ್ಲಿ ಇಂಥ ಮಾತು ಚೆನ್ನಾಗಿಯೇ ಕೇಳಿಸುತ್ತದೆ.

ಈ ಹುಚ್ಚು ಅವಳಿಗೆ ಬಂದದ್ದು ಅಪ್ಪನಿಂದ. ಬೇಗಂ ಬಜಾರಿನ ಒಂದು ಗಲ್ಲಿಯಲ್ಲಿ, ಈಗ ಸ್ಟೀಲ್ ಪಾತ್ರೆ ಮಾರುವಲ್ಲಿ, ಹಿಂದೆ ಒಂದು ಸ್ಟುಡಿಯೋ ಇತ್ತು. ಅಲ್ಲಿ ಕುಳಿತು ಹಂಪಯ್ಯ ಮೂವತ್ತು ವರ್ಷ ಫೋಟೋಗಳಿಗೆ ಬಣ್ಣ ಹಚ್ಚಿದ್ದರು. ಹರಿದ ಸೀರೆಗೆ ಜರಿ ಅಂಚು, ಬರಿಗೈಗೆ ಗಡಿಯಾರ, ಬೋಳು ಗೋಡೆಗೆ ಹೂವಿನ ಕುಂಡ ಎಲ್ಲವನ್ನೂ ಕೊಡುತ್ತಿದ್ದರು. ಆದರೆ ಅವರ ಹೆಸರಿದ್ದದ್ದು ಇನ್ನೊಂದಕ್ಕೆ. ಅವರ ಜನರಲ್ಲಿ ಸತ್ತವರನ್ನು ಕೂಡಿಸಿ, ವಿಭೂತಿ ಹಚ್ಚಿ, ಹೂ ಮುಡಿಸಿ, ಮಣ್ಣು ಮಾಡುವ ಮೊದಲು ಒಂದು ಫೋಟೋ ತೆಗೆಸುವುದು ರೂಢಿ. ಬಡವರ ಪಾಲಿಗೆ ಬಹಳ ಸಲ ಅದೇ ಮೊದಲ ಫೋಟೋ, ಅದೇ ಕಡೆಯದು. ಆ ಫೋಟೋ ಹಿಡಿದು ಬಂದವರು, “ಅಯ್ಯನೋರೆ, ಕಣ್ಣು ತೆರಸ್ರಿ,” ಎನ್ನುತ್ತಿದ್ದರು. ಹಂಪಯ್ಯ ಮುಚ್ಚಿದ ರೆಪ್ಪೆಯ ಮೇಲೆ ತೆರೆದ ಕಣ್ಣು ಬರೆದುಕೊಡುತ್ತಿದ್ದರು. ಕಲಬುರಗಿ, ಯಾದಗಿರಿ ಕಡೆಯಿಂದ ಕೂಲಿಗೆ ಬಂದವರೆಲ್ಲ ಅವರನ್ನು ಹುಡುಕಿಕೊಂಡು ಬರುತ್ತಿದ್ದರು.

“ನಾ ಹಚ್ಚಿದ್ದನ್ನ ನೀ ಒರಸಾಕತ್ತಿ,” ಎಂದು ಈಗ ಮಗಳನ್ನು ಕೆಣಕುವರು. “ಇರ್ಲಿ ಬಿಡು, ಇಬ್ಬರದೂ ಹೊಟ್ಟಿ ತುಂಬತೈತಿ.”

ಒಳಕೋಣೆಯಲ್ಲಿ ಜೋಳದ ಡ್ರಮ್ಮಿನ ಮೇಲೆ ಒಂದು ಫೋಟೋ ತೂಗುತ್ತಿತ್ತು. ಎರಡು ವರ್ಷ ತುಂಬಿರದ ಕೂಸು, ತಲೆಗೆ ಉಣ್ಣೆಯ ಕುಲಾವಿ, ಹಣೆಗೆ ವಿಭೂತಿ, ಕುರ್ಚಿಯಲ್ಲಿ ನೆಟ್ಟಗೆ ಕುಳಿತು ದೊಡ್ಡ ಕಣ್ಣು ಬಿಟ್ಟು ನೋಡುತ್ತಿತ್ತು. ಅದರ ಭುಜದ ಹತ್ತಿರ, ಹಿಂದಿನಿಂದ ಬಂದ ಎರಡು ಬೆರಳು. ಅದು ರೇವಣ, ಶಂಕ್ರಮ್ಮನ ಚೊಚ್ಚಲ ಮಗ, ಗಂಗಾ ಹುಟ್ಟುವ ಮೊದಲೇ ಜ್ವರಕ್ಕೆ ಹೋದವನು. ಶಂಕ್ರಮ್ಮ ದಿನಾ ಮಿಂದು ಬಂದು ಸೆರಗಿನಿಂದ ಗಾಜು ಒರೆಸಿ, ಗಾಜಿನ ಮೇಲೆ ಒಂದು ಬೊಟ್ಟು ವಿಭೂತಿ ಇಡುತ್ತಿದ್ದಳು. “ಫೋಟೋ ತೆಗಿಯೋ ಮುಂದ ನಗಲೇ ಇಲ್ಲ ನೋಡು ನನ ಕೂಸು,” ಎನ್ನುತ್ತಿದ್ದಳು. ತುಂಟ ಕೂಸನ್ನು ಯಾರೋ ಹಿಂದಿನಿಂದ ಹಿಡಿದಿರಬೇಕು ಎಂದೇ ಗಂಗಾ ತಿಳಿದಿದ್ದಳು. ಊರವರ ಮನೆಯ ಫೋಟೋ ಹಿಡಿದು ಇದು ಸತ್ತ ಮೇಲಿನದು, ಇದು ಬದುಕಿದ್ದಾಗಿನದು ಎಂದು ಹೇಳುವ ಹುಡುಗಿಗೆ ತನ್ನ ಮನೆಯ ಗೋಡೆ ಕಾಣಲಿಲ್ಲ. ದೀಪದ ಬುಡದಲ್ಲೇ ಕತ್ತಲೆ.

“ಅವ್ವಾ, ರೇವಣಂದು ಎರಡು ದಿನ ಕೊಡು,” ಎಂದು ಅವಳು ಕೇಳಿದ್ದಳು.

“ಊರ ಮಂದೀದೆಲ್ಲಾ ತಗೊಂಡೀಯಲ್ಲ. ಇದೊಂದು ಬಿಡು.”

“ನಾ ಏನೂ ಮಾಡೂದಿಲ್ಲವ್ವಾ.”

“ಏನೂ ಮಾಡದಿದ್ರ ಯಾಕ ಬೇಕು?”

ಗಂಗಾ ಅದನ್ನು ಅಲ್ಲಿಗೇ ಬಿಟ್ಟಿದ್ದರೆ ಎಷ್ಟು ಚೆನ್ನಾಗಿತ್ತು!

ವೇದವತಿಗೆ ಸೀಮಂತದ ಕುಬಸ ಮಾಡಲು ಸೇಡಂನ ತವರಿನಿಂದ ಕರೆ ಬಂತು. ಶಂಕ್ರಮ್ಮ, ಸಾಯಿಕುಮಾರ, ವೇದವತಿ ಮೂವರೂ ಹೊರಟರು. ಹಂಪಯ್ಯನವರಿಗೆ ಮೊಣಕಾಲು ನೋವು, ಗಂಗಾಳಿಗೆ ಪ್ರದರ್ಶನದ ನೆಪ. “ರೇವಣಗ ವಿಭೂತಿ ಇಡೋದು ಮರೀಬ್ಯಾಡ್ರಿ,” ಎಂದು ಶಂಕ್ರಮ್ಮ ಬಾಗಿಲಲ್ಲಿ ನಿಂತು ಗಂಡನಿಗೆ ಮತ್ತೊಮ್ಮೆ ಹೇಳಿ ಆಟೋ ಹತ್ತಿದಳು.

ಮಾರನೆಯ ದಿನ ಮಧ್ಯಾಹ್ನ ಅಪ್ಪ ಇರಾನಿ ಹೋಟೆಲಿಗೆ ಚಾ ಕುಡಿಯಲು ಹೋದಾಗ ಗಂಗಾ ಫೋಟೋ ಇಳಿಸಿದಳು. ಅವಳೇನು ಬೇಜವಾಬ್ದಾರಿಯ ಹುಡುಗಿಯಲ್ಲ. ಮೊದಲು ಸ್ಕ್ಯಾನ್ ಮಾಡಿಟ್ಟುಕೊಂಡಳು. ಆಮೇಲೆ ಒದ್ದೆ ಹತ್ತಿ ತೆಗೆದುಕೊಂಡು ಎಡಗಡೆಯ ಕುಲಾವಿ ಒರೆಸಿದಳು, ಕೆನ್ನೆ ಒರೆಸಿದಳು. ಅಪ್ಪನ ಗುಲಾಬಿ ಬಣ್ಣ ಹತ್ತಿಗೆ ಬಂತು. ಕೆಳಗೆ ಬೂದಿ ಬಣ್ಣದ ಚೆಂದದ ಕೆನ್ನೆ. ಕಣ್ಣಿಗೆ ಅಪ್ಪ ಹೊಳಪು ಕೊಟ್ಟಿರಬೇಕು, ಅದರ ಕೆಳಗೆ ಅಣ್ಣನ ನಿಜವಾದ ಕಣ್ಣಿರುತ್ತದೆ ಎಂದುಕೊಂಡು ಅದನ್ನೂ ಒರೆಸಿದಳು.

ಕೆಳಗೆ ಕಣ್ಣಿರಲಿಲ್ಲ, ಮುಚ್ಚಿದ ರೆಪ್ಪೆಯಿತ್ತು.

ಗಂಗಾಳ ಕೈ ನಿಂತುಹೋಯಿತು. ಒಂದು ಕಣ್ಣಿಗೆ ನಿಲ್ಲಿಸಬಹುದಿತ್ತು. ಅಪ್ಪನ ಕೈಯಿಂದ ಆದದ್ದು ಒಂದಾದರೂ ಉಳಿಯುತ್ತಿತ್ತು. ಆದರೆ ಒಂದು ತೆರೆದು ಒಂದು ಮುಚ್ಚಿದ ಆ ಮುಖವನ್ನು ನೋಡಲಾಗದೆ, ಬೇಗ ಮುಗಿಸಿಬಿಡುವವಳಂತೆ ಅವಳು ಬಲಗಣ್ಣನ್ನೂ ಒರೆಸಿದಳು. ಆಮೇಲೆ ಎಷ್ಟೋ ದಿನ ಅವಳನ್ನು ಕೊರೆದದ್ದು ಈ ಎರಡನೇ ಕಣ್ಣು. ಮೊದಲನೆಯದು ತಿಳಿಯದೆ ಆದದ್ದು, ಎರಡನೆಯದು ತಿಳಿದೇ ಮಾಡಿದ್ದು.

ಸಂಜೆಯೊಳಗೆ ಅವಳು ಸ್ಕ್ಯಾನಿನಿಂದ ಒಳ್ಳೆಯ ಪ್ರಿಂಟ್ ತೆಗೆಸಿ, ಅದೇ ಚೌಕಟ್ಟಿಗೆ ಹಾಕಿ, ಅದೇ ಮೊಳೆಗೆ ತೂಗುಹಾಕಿದಳು. ರೇವಣ ಮತ್ತೆ ಕಣ್ಣು ಬಿಟ್ಟು ನೋಡುತ್ತಿದ್ದ.

ಹಂಪಯ್ಯ ಬಂದು ಕಾಲು ತೊಳೆದು, ವಿಭೂತಿ ಬಟ್ಟಲು ಹಿಡಿದು ಒಳಗೆ ಹೋದರು. ಬಹಳ ಹೊತ್ತಾದರೂ ಹೊರಗೆ ಬರಲಿಲ್ಲ. ಗಂಗಾ ಹೋಗಿ ನೋಡಿದರೆ ಮಂಚದ ಮೇಲೆ ಕುಳಿತಿದ್ದರು.

“ಇದು ನನ್ನ ಕೈ ಅಲ್ಲ,” ಎಂದರು.

“ಅಪ್ಪಾ…”

“ಬಣ್ಣಕ್ಕ ಒಂದು ಮೈ ಇರತೈತಿ. ಇದಕ್ಕ ಮೈ ಇಲ್ಲ. ಒರಸಿದೇನು?”

“ಹೂಂ.”

“ಎರಡೂ?”

ಗಂಗಾ ತಲೆಯಾಡಿಸಿದಳು. “ನೀ ಯಾಕ ನನಗ ಹೇಳಲಿಲ್ಲ? ಇಷ್ಟು ವರ್ಷ ಎಲ್ಲಾರ ಕತಿ ಹೇಳಿದಿ, ನಮ್ಮ ಮನೀದು ಒಂದು ಹೇಳಲಿಲ್ಲ.”

“ಅದೇನು ಹೇಳೋ ಕತೀನಾ?”

“ಮತ್ತ ಬರಿ. ಬಣ್ಣ ನಾ ಕಲಸಿಕೊಡ್ತೀನಿ.”

ಹಂಪಯ್ಯ ಬಲಗೈ ಚಾಚಿ ತೋರಿಸಿದರು. ಗಾಳಿಯಿಲ್ಲದ ಕೋಣೆಯಲ್ಲಿ ಬೆರಳು ಅಲುಗುತ್ತಿದ್ದವು. ಆ ಕೈಯಲ್ಲಿ ಚಾದ ಬಟ್ಟಲು ಹಿಡಿದರೂ ಬಸಿಯಲ್ಲಿ ಅರ್ಧ ಚೆಲ್ಲುತ್ತಿತ್ತು. ಅದನ್ನು ಮನೆಯವರೆಲ್ಲ ಬಲ್ಲರು, ಗಂಗಾಳೂ ಬಲ್ಲಳು.

“ನಿಮ್ಮವ್ವಗ ಹೇಳಬ್ಯಾಡ,” ಎಂದರು. “ಅಕಿಗೆ ಗೊತ್ತಾಗೂದಿಲ್ಲ. ಆದರ ಆ ಒರಸಿದ್ದನ್ನ ನಿನ್ನ ಪ್ರದರ್ಶನದಾಗ ಹಾಕಬ್ಯಾಡ. ಇಷ್ಟು ಮಾತು ನಡಸು.”

“ಇಲ್ಲಪ್ಪಾ, ಹಾಕೂದಿಲ್ಲ,” ಎಂದಳು ಗಂಗಾ. ಆಗ ಅದು ನಿಜವೇ ಆಗಿತ್ತು.

ಶಂಕ್ರಮ್ಮ ಸೇಡಂನಿಂದ ಕೊಬ್ಬರಿ ಬೆಲ್ಲ, ಹೊಸ ಸೀರೆ ಮತ್ತು ಬೀಗರ ಮನೆಯ ಚಾಡಿಗಳ ದೊಡ್ಡ ಗಂಟಿನೊಂದಿಗೆ ಬಂದಳು. ಮಾರನೇ ಬೆಳಗ್ಗೆ ಮಿಂದು ಬಂದು ಗಾಜು ಒರೆಸಿ, “ಬಿಟ್ಟು ಹೋಗಿದ್ದೆನೇನಪ್ಪಾ?” ಎಂದು ಕಾಗದದೊಡನೆ ಮಾತಾಡಿ ವಿಭೂತಿ ಇಟ್ಟಳು. ರೊಟ್ಟಿ ಮುರಿಯುತ್ತಿದ್ದ ಗಂಗಾ ತುತ್ತನ್ನು ತಟ್ಟೆಗೇ ಇಟ್ಟಳು. ಹಂಪಯ್ಯ ತಟ್ಟೆಯಿಂದ ತಲೆ ಎತ್ತಲಿಲ್ಲ. ತಂದೆ ಮಗಳು ಒಂದಾಗಿ ಮುಚ್ಚಿಟ್ಟದ್ದು ಹೀಗೆ ದಿನಕ್ಕೊಂದು ಬೊಟ್ಟು ವಿಭೂತಿ ಹಚ್ಚಿಸಿಕೊಂಡು ಕುಳಿತಿತ್ತು.

ಬಂಜಾರಾ ಹಿಲ್ಸಿನ ಒಂದು ಹಳೆಯ ಬಂಗಲೆಯಲ್ಲಿ ಸಣ್ಣ ಗ್ಯಾಲರಿ ನಡೆಸುತ್ತಿದ್ದ ಅನುರಾಧಾ ಕೆಲಸ ನೋಡಲು ಮನೆಗೆ ಬಂದಳು. ಮೈಸೂರಿನವಳು, ಮಾತು ಬೆಣ್ಣೆ. ಎಲ್ಲ ಬಟ್ಟೆಗಳನ್ನು ಒಂದೊಂದಾಗಿ ಹರಡಿ ನೋಡಿ, ಕೊನೆಗೆ ಗಂಗಾ ರಟ್ಟಿನ ಕೆಳಗೆ ಸರಿಸಿಟ್ಟಿದ್ದ ರೇವಣನನ್ನು ತಾನೇ ಎಳೆದಳು.

“ಗಂಗಾ! ಇದನ್ನ ಯಾಕೆ ಬಚ್ಚಿಟ್ಟಿದ್ದೀರಿ?”

“ಅದು ಮನೇದು. ಬ್ಯಾಡ್ರಿ.”

“ಮನೆಯದೇ ಬೇಕಲ್ವಾ? ಉಳಿದವೆಲ್ಲ ಬೇರೆಯವರ ಮನೆ ದುಃಖ. ಅವರ ಕಣ್ಣು ಒರೆಸೋವಾಗ ನಿಮಗೆ ಏನೂ ಅನ್ನಿಸಲಿಲ್ಲ. ಇದೊಂದೇ ನಿಮ್ಮದು. ಇದಿಲ್ಲದೆ ಈ ಪ್ರದರ್ಶನ ಅರ್ಧ ಸುಳ್ಳು.”

ಮಾತು ನಾಟಿತು. ಬೇರೆಯವರ ಮನೆಯವರ ಕಣ್ಣನ್ನು ಒರೆಸಿ ತನ್ನ ಮನೆಯದನ್ನು ಮುಚ್ಚಿಡುವುದು ನ್ಯಾಯವೇ? ಅವಳಿಗೆ ಅದು ನ್ಯಾಯದ ಪ್ರಶ್ನೆ ಎನ್ನಿಸಿತು. ಇದು ತನ್ನ ಮೊದಲ ಸ್ವಂತ ಪ್ರದರ್ಶನ, ಹೆಸರು ಬಂದರೆ ತಮ್ಮನ ಬಾಯಿ ಮುಚ್ಚುತ್ತದೆ ಎನ್ನುವ ಆಸೆಯೂ ಅದರ ಬೆನ್ನಿಗಿತ್ತು. ಅವ್ವ ಅಂಥ ಜಾಗಕ್ಕೆ ಎಂದೂ ಬಂದವಳಲ್ಲ, ಬರುವವಳೂ ಅಲ್ಲ ಎಂದು ಸಮಾಧಾನ ಹೇಳಿಕೊಂಡು, ರೇವಣನ ಮುಖವನ್ನು ಆಳೆತ್ತರದ ಬಟ್ಟೆಯ ಮೇಲೆ ಅಚ್ಚು ಹಾಕಿಸಿದಳು. ಗ್ಯಾಲರಿಯಲ್ಲೇ ಕುಳಿತು ಹೊಲಿದಳು. ಹಿಂಬದಿಗೆ ಕೊಟ್ಟದ್ದು ಅವ್ವನ ಹಳೆಯ ಇಳಕಲ್ ಸೀರೆ. “ನಿನ್ನ ಕೆಲಸಕ್ಕ ಬರತೈತೇನು ನೋಡು,” ಎಂದು ಅವ್ವನೇ ಪೆಟ್ಟಿಗೆಯಿಂದ ತೆಗೆದುಕೊಟ್ಟಿದ್ದಳು.

ಉಳಿದ ಬಟ್ಟೆಗಳ ಅಂಚು ಹೊಲಿಯುವ ಕೆಲಸ ಮನೆಯಲ್ಲಿ ನಡೆದಿತ್ತು. ಪಾತ್ರೆ ತೊಳೆದು, ಸೊಪ್ಪು ಸೋಸಿ, ಮಧ್ಯಾಹ್ನದ ಹೊತ್ತು ಶಂಕ್ರಮ್ಮ ಹೊರಕೋಣೆಯಲ್ಲಿ ಕಾಲು ಚಾಚಿ ಕುಳಿತು ಸೂಜಿ ಹಿಡಿಯುತ್ತಿದ್ದಳು.

“ಇಷ್ಟು ದೊಡ್ಡ ಕೌದಿ ಯಾರು ಹೊದ್ಕೋತಾರ?”

“ಗ್ವಾಡಿ ಹೊದ್ಕೋತೈತವ್ವಾ.”

“ಗ್ವಾಡಿಗೂ ಚಳಿ ಬಂತೇನು ಹೈದರಾಬಾದಿನಾಗ?” ನಕ್ಕು, ದಾರ ಕಡಿದು ಕೇಳಿದಳು: “ಯಾವತ್ತದು? ನಾನೂ ಬರಲೇನು? ಬೀಗರು ಕೊಟ್ಟ ಸೀರಿ ಉಟ್ಟೇ ಇಲ್ಲ.”

ಗಂಗಾ ಸೂಜಿಗೆ ದಾರ ಪೋಣಿಸುವ ನೆಪ ಮಾಡಿದಳು. “ಅಲ್ಲಿ ಎಲ್ಲಾ ಇಂಗ್ಲಿಷ್ ಮಾತಾಡೋ ಮಂದಿ ಅವ್ವಾ. ನಿನಗ ಬ್ಯಾಸರಾಗತೈತಿ. ಕೂಡಾಕ ಒಂದು ಕುರ್ಚಿನೂ ಇರೂದಿಲ್ಲ.”

“ಹೌದೇನು,” ಎಂದಳು ಶಂಕ್ರಮ್ಮ. ಮತ್ತೆ ಅಂಚು ಹೊಲಿಯತೊಡಗಿದಳು. ಪಡಸಾಲೆಯಲ್ಲಿ ನಿದ್ದೆ ಮಾಡುತ್ತಿದ್ದಾನೆ ಎಂದುಕೊಂಡಿದ್ದ ಸಾಯಿಕುಮಾರ ಇದನ್ನು ಕೇಳಿಸಿಕೊಂಡಿದ್ದ.

ಪ್ರದರ್ಶನದ ಸಂಜೆ ಬಂಗಲೆಯ ಅಂಗಳದಲ್ಲಿ ಕಾರು ತುಂಬಿದವು. ಜನ ರೇವಣನ ಮುಂದೆ ಗುಂಪುಗೂಡಿ ನಿಲ್ಲುತ್ತಿದ್ದರು, ಅನುರಾಧಾ ಗಂಗಾಳ ಭುಜ ತಟ್ಟುತ್ತಿದ್ದಳು. ಯಾರೋ ಪತ್ರಿಕೆಯವರು ಏನೋ ಕೇಳುತ್ತಿದ್ದಾಗ ಗಂಗಾಳ ಕಣ್ಣು ಬಾಗಿಲ ಕಡೆ ಹೋಯಿತು. ಬೀಗರು ಕೊಟ್ಟ ಹಸಿರು ಸೀರೆಯುಟ್ಟು, ಕೈಯಲ್ಲಿ ಸ್ಟೀಲ್ ಡಬ್ಬಿ ಹಿಡಿದು ಶಂಕ್ರಮ್ಮ ನಿಂತಿದ್ದಳು. ಹಿಂದೆ ಸಾಯಿಕುಮಾರ, ವೇದವತಿ.

“ಅಪ್ಪ ಬ್ಯಾಡ ಬ್ಯಾಡ ಅಂತ ಕೂತಾರ,” ಎಂದ ಸಾಯಿಕುಮಾರ, ಅಕ್ಕ ಹತ್ತಿರ ಬಂದ ಕೂಡಲೇ. “ಅರ್ಧ ಹೊಲಿಗಿ ಅವ್ವಂದು. ಕುರ್ಚಿ ಇಲ್ಲಾಂದ್ರ ನಿಂತು ನೋಡ್ತಾಳ. ಅಷ್ಟಕ್ಕ ಹೆತ್ತಾಕಿನ್ನ ಬರಬ್ಯಾಡ ಅಂತಾರೇನು?”

“ಶೇಂಗಾ ಹೋಳಗಿ ಮಾಡೀನಿ,” ಎಂದಳು ಶಂಕ್ರಮ್ಮ ನಾಚಿಕೊಂಡು. “ನಿನ್ನ ಮಂದಿಗೆ ಕೊಡು.”

ಗಂಗಾ ಡಬ್ಬಿ ತೆಗೆದುಕೊಂಡಳು. “ಬಾ ಅವ್ವಾ, ಮೊದಲು ಅಂಗಳದಾಗ ಕೂಡು, ಚಾ ಕುಡಿ…” ಎನ್ನುವಷ್ಟರಲ್ಲಿ ಶಂಕ್ರಮ್ಮ ಒಳಗೆ ಹೋಗಿಯಾಗಿತ್ತು. ಗೋಡೆಯಿಂದ ಗೋಡೆಗೆ ಹೋಗುತ್ತ ಸೊಸೆಗೆ ತೋರಿಸುತ್ತಿದ್ದಳು: “ಇದರ ಅಂಚು ನಂದು. ಇದೂ ನಂದು. ಇಲ್ಲಿ ನೋಡು, ಈ ಮೂಲಿ ಎರಡು ಸಲ ಬಿಚ್ಚಿ ಹೊಲದೆ.” ದನಿಯಲ್ಲಿ ಸಣ್ಣ ಹುಡುಗಿಯ ಹಿಗ್ಗು. ಕೊನೆಯ ಗೋಡೆಗೆ ಬಂದಳು. ಮೊದಲು ಅವಳಿಗೆ ಕಂಡದ್ದು ಬಟ್ಟೆಯ ಅಂಚಿನಲ್ಲಿ ಇಣುಕಿದ ತನ್ನ ಸೀರೆಯ ಕೆಂಪು. ಆಮೇಲೆ ಭುಜದ ಹತ್ತಿರದ ಎರಡು ಬೆರಳು.

“ಇವು ನನ್ನ ಬೆರಳು,” ಎಂದಳು ಶಂಕ್ರಮ್ಮ.

ಗಂಗಾ ಓಡಿಬಂದು ಪಕ್ಕದಲ್ಲಿ ನಿಂತಳು. ತುಂಟ ಕೂಸನ್ನು ಹಿಡಿದ ಬೆರಳಲ್ಲ ಅವು, ಸತ್ತು ಒರಗುತ್ತಿದ್ದ ಕೂಸನ್ನು ನೆಟ್ಟಗೆ ಕೂಡಿಸಿದ ತಾಯಿಯ ಬೆರಳು ಎನ್ನುವುದು ಇಷ್ಟು ದಿನ ಆ ಮುಖದ ಮೇಲೆ ಸೂಜಿಯಾಡಿಸಿದವಳಿಗೆ ಆಗ ತಿಳಿಯಿತು.

ಶಂಕ್ರಮ್ಮ ಮೇಲೆ ನೋಡಿದಳು, ಮುಚ್ಚಿದ ರೆಪ್ಪೆಗಳ ಕಡೆಗೆ. ಅವಳು ಕೂಗಲಿಲ್ಲ, ಬೈಯಲಿಲ್ಲ. ಮೇಲಿನಿಂದ ಬೀಳುತ್ತಿದ್ದ ದೊಡ್ಡ ದೀಪವನ್ನು ಕಣ್ಣು ಕಿರಿದು ಮಾಡಿ ನೋಡಿ ಕೇಳಿದಳು: “ಮಲಗಿದ ಕೂಸಿನ ಮಾರಿ ಮ್ಯಾಲೆ ಇಷ್ಟು ಲೈಟ್ ಯಾಕ ಹಾಕೀರಿ?”

ಆಮೇಲೆ ಮಗನ ಕಡೆ ತಿರುಗಿ, “ಮನಿಗೆ ಹೋಗೂಣು ನಡಿ,” ಎಂದಳು. ಅವರು ಹೋದ ಮೇಲೆ ಬಂದವರು ಡಬ್ಬಿ ಬಿಚ್ಚಿ ಹೋಳಿಗೆ ತಿಂದರು. ಬಹಳ ಚೆನ್ನಾಗಿದೆ ಎಂದು ಎಲ್ಲರೂ ಹೊಗಳಿದರು.

ಗಂಗಾ ಮನೆಗೆ ಬಂದಾಗ ಜೋಳದ ಡ್ರಮ್ಮಿನ ಮೇಲಿನ ಮೊಳೆ ಬರಿದಾಗಿತ್ತು. ಚೌಕಟ್ಟು ಬಿಚ್ಚಿ, ಕಾಗದವನ್ನು ಮಗುಚಿ ನೋಡಿ, ಶಂಕ್ರಮ್ಮ ಅದನ್ನು ಪತ್ರಿಕೆಗಳ ಕಟ್ಟಿನ ಮೇಲೆ ಇಟ್ಟಿದ್ದಳು. ಮಾರನೆಯ ದಿನ ಎಂದಿನಂತೆ ಎದ್ದಳು, ಹಿಟ್ಟು ನಾದಿದಳು, ರೊಟ್ಟಿ ಬಡಿದಳು, ಮಗಳಿಗೂ ಬಡಿಸಿದಳು. ಮಾತು ಮಾತ್ರ ಇರಲಿಲ್ಲ. ಬೈದಿದ್ದರೆ ಗಂಗಾ ಹೇಗಾದರೂ ತಡೆದುಕೊಳ್ಳುತ್ತಿದ್ದಳು. ಬಿಸಿ ರೊಟ್ಟಿಯ ಮೇಲೆ ಎಂದಿನಷ್ಟೇ ಬೆಣ್ಣೆ ಬೀಳುತ್ತಿತ್ತಲ್ಲ, ಅದನ್ನು ನುಂಗುವುದು ಕಷ್ಟವಾಯಿತು.

ಹೀಗೇ ದಿನಗಳು ಹೋಗಿ ಒಂದು ಮಧ್ಯಾಹ್ನ ಸಾಯಿಕುಮಾರನ ತಾಳ್ಮೆ ಕೆಟ್ಟಿತು.

“ಎಷ್ಟು ದಿನ ಹಿಂಗ ಇರ್ತೀಯವ್ವಾ? ಅಕ್ಕ ಮಾಡಿದ್ದು ತಪ್ಪೇ. ಆದರ ಆ ಪ್ರಿಂಟಿನಾಗ ಕಣ್ಣು ಹಂಗೇ ಅದಾವಲ್ಲ. ಅದನ್ನೇ ಹಾಕೂಣು. ಇಷ್ಟು ದಿನ ಅದಕ್ಕೇ ವಿಭೂತಿ ಇಟ್ಟಿ.”

ಶಂಕ್ರಮ್ಮ ಗಂಡನ ಕಡೆ ತಿರುಗಿದಳು. “ನಿಮಗ ಗೊತ್ತಿತ್ತೇನ್ರಿ?”

ಹಂಪಯ್ಯ ತಟ್ಟೆ ನೋಡುತ್ತ, “ಗೊತ್ತಿತ್ತು,” ಎಂದರು.

“ಗೊತ್ತಿದ್ದೂ ಕಾಗದಕ್ಕ ಕೈ ಮುಗಿಸಿದ್ರಿ.” ಆಮೇಲೆ ಅವಳು ಮಗನಿಗೆ ಹೇಳಿದಳು: “ಆ ಮುಚ್ಚಿದ ಕಣ್ಣು ನಾ ಮರ್ತಿದ್ದೆ ಸಾಯಿ. ಪೂರಾ ಮರ್ತಿದ್ದೆ. ಕನಸಿನ್ಯಾಗ ಬಂದ್ರೂ ಕಣ್ಣು ಬಿಟ್ಕೊಂಡೇ ಬರ್ತಿದ್ದ. ಈಗ ಯಾವ ಫೋಟೋ ಹಾಕಿದ್ರೂ ಮುಚ್ಚೇ ಕಾಣ್ತಾವ. ಅದನ್ನ ಯಾವ ಅಂಗಡ್ಯಾಗ ಪ್ರಿಂಟ್ ಹಾಕಸ್ತಿ?”

ಸಾಯಿಕುಮಾರ ಕೈ ತೊಳೆಯಲು ಎದ್ದ. ಗಂಗಾ ಎಲ್ಲರೆದುರು ಅವ್ವನ ಕಾಲು ಹಿಡಿದಳು. “ತಪ್ಪಾತವ್ವಾ.” ಶಂಕ್ರಮ್ಮ ಕಾಲು ಎಳೆದುಕೊಳ್ಳಲೂ ಇಲ್ಲ, ತಲೆ ಮುಟ್ಟಲೂ ಇಲ್ಲ. “ಎಂಜಲಗೈ ಐತಿ, ಏಳು,” ಎಂದಳು.

ಅಂದು ಸಂಜೆ ಗಂಗಾ ಛತ್ತಿನ ಮೇಲೆ ಒಣಗಿದ ಬಟ್ಟೆ ತೆಗೆಯುತ್ತಿದ್ದಾಗ ಹಂಪಯ್ಯ ಮೊಣಕಾಲು ಹಿಡಿದುಕೊಂಡು ಹತ್ತಿ ಬಂದರು.

“ಆ ಕಣ್ಣು ಹೆಂಗ ಬರದೆ ಅಂತ ನಿನಗ ಹೇಳಬೇಕಿತ್ತು,” ಎಂದರು. “ಸತ್ತವರ ಕಣ್ಣು ನಾವು ಮನಸಿಗೆ ಬಂದಂಗ ಬರಿಯಂಗಿಲ್ಲ ತಂಗಿ. ಅವರ ರಕ್ತಸಂಬಂಧದವರನ್ನ ಎದುರಿಗೆ ಕೂಡಿಸಿಕೊಂಡು, ಅವರ ಕಣ್ಣು ನೋಡಿ ಬರೀಬೇಕು. ಇಲ್ಲಾಂದ್ರ ಗೊಂಬಿ ಕಣ್ಣಾಗತಾವ. ರೇವಣ ಹೋದಾಗ ನಾ ಇಲ್ಲೇ ಬೇಗಂ ಬಜಾರಿನಾಗಿದ್ದೆ. ನಾ ಊರು ಮುಟ್ಟೋದ್ರಾಗ ಫೋಟೋ ತೆಗೆದು ಮಣ್ಣು ಕೊಟ್ಟಿದ್ರು. ನಿಮ್ಮವ್ವ ಅತ್ತೇ ಇರಲಿಲ್ಲ. ಮಂಕು ಬಡದಂಗ ಕೂತಿದ್ಲು. ಪ್ರಿಂಟ್ ಬಂದ ಮ್ಯಾಲೆ ಅದನ್ನ ನೋಡಿ ಅಳಾಕ ಬಾಯಿ ತೆರದ್ಲು. ನಾ ಏನಂದೆ ಗೊತ್ತೇನು? ‘ಅಳಬ್ಯಾಡ ಶಂಕ್ರೀ, ಕಣ್ಣು ಕೆಂಪಾದ್ರ ಬಣ್ಣ ಕೂಡೂದಿಲ್ಲ’ ಅಂದೆ. ನಾ ಬರದು ಮುಗಿಸೋತನಕ ಕಣ್ಣು ಬಿಟ್ಟು ಹಂಗೇ ಕೂತ್ಲು. ನೀ ಒರಸಿದ್ದು ರೇವಣನ ಕಣ್ಣಲ್ಲ. ನಿಮ್ಮವ್ವನವು.”

ಗಂಗಾ ಒಣಗಿದ ಬಟ್ಟೆಗಳನ್ನು ಎದೆಗವಚಿಕೊಂಡು ಅಲ್ಲೇ ಕುಳಿತುಬಿಟ್ಟಳು. ಬಣ್ಣದ ಕೆಳಗೆ ಇರುವುದು ನಿಜ ಎಂದು ಊರಿಗೆಲ್ಲ ಹೇಳಿದ್ದಳು. ಬಣ್ಣವೇ ನಿಜವಾಗಿತ್ತು.

ಮಾರನೆಯ ದಿನ ಅವಳು ಗ್ಯಾಲರಿಗೆ ಹೋಗಿ ರೇವಣನ ಬಟ್ಟೆಯನ್ನು ಇಳಿಸಿದಳು. “ಯಾರೋ ಕೊಳ್ಳೋರು ಕೇಳ್ತಾ ಇದ್ದಾರೆ, ನಡುವೆ ಹೀಗೆ ಮಾಡಿದರೆ ಹೇಗೆ?” ಎಂದು ಅನುರಾಧಾ ಮುನಿಸಿಕೊಂಡಳು. ಮುನಿಸಿಕೊಳ್ಳಲಿ ಎಂದು ಗಂಗಾ ಅದನ್ನು ಮಡಚಿ ತಂದಳು. ಆ ವಾರವೇ ಹೊರಕೋಣೆ ಖಾಲಿ ಮಾಡಿ ತನ್ನ ಸಾಮಾನನ್ನೆಲ್ಲ ತಗಡಿನ ಶೆಡ್ಡಿಗೆ ಹೊತ್ತಳು. ಸಾಯಿಕುಮಾರನೂ ಹೊತ್ತ. ತೊಟ್ಟಿಲಿಗೆ ಕೊಂಡಿ ಹೊಡೆಯುವಾಗ, “ನೀ ಇಷ್ಟು ಲಗೂ ಬಿಡ್ತಿ ಅಂತ ಅನ್ಕೊಂಡಿರಲಿಲ್ಲ,” ಎಂದ. ಗೆದ್ದವನ ದನಿಯಲ್ಲಿರಲಿಲ್ಲ ಅದು.

ಶೆಡ್ಡಿನಲ್ಲಿ ಅವಳು ಅಪ್ಪನ ಹಳೆಯ ಕುಂಚಗಳನ್ನು ತೊಳೆದು ಕಣ್ಣು ಬರೆಯುವುದನ್ನು ಕಲಿಯತೊಡಗಿದಳು. ಹಂಪಯ್ಯ ಪಕ್ಕದಲ್ಲಿ ಕುಳಿತು ಹೇಳುತ್ತಿದ್ದರು: “ಕಣ್ಣಿನ ಬಿಳುಪು ಬಿಳೇದಲ್ಲ ತಂಗಿ. ಹಾಲಿಗೆ ಒಂದು ಹನಿ ಚಾ ಬಿದ್ದಂಗ ಇರಬೇಕು. ಹಾಂ, ಅಷ್ಟು. ಒರಸು, ಮತ್ತ ಬರಿ.” ಹಾಳೆ ಹಾಳೆ ತುಂಬ ಕಣ್ಣು. ಕೆಲವು ಗೊಂಬೆಯವು, ಕೆಲವು ಮೀನಿನವು. ಬರಬರುತ್ತ ಮನುಷ್ಯರವೂ ಬಂದವು.

ಕಣ್ಣು ಬರೆಯಲು ಎದುರಿಗೆ ಕೂಡು ಎಂದು ಅವ್ವನನ್ನು ಕೇಳಲು ಧೈರ್ಯ ಬಂದದ್ದು ಬಹಳ ದಿನಗಳಾದ ಮೇಲೆ. ಕೇಳಿದಾಗ ಶಂಕ್ರಮ್ಮ ಅಕ್ಕಿಯಲ್ಲಿ ಕಲ್ಲು ಆರಿಸುತ್ತಿದ್ದಳು. “ನಾ ಮತ್ತ ಕೂಡೂದಿಲ್ಲ,” ಎಂದಳು. ಆ ಮಾತು ಅಲ್ಲಿಗೇ ನಿಂತಿತು.

ವೇದವತಿ ಹೆರಿಗೆಗೆ ತವರಿಗೆ ಹೋದಳು. ಹೆಣ್ಣುಕೂಸು ಹುಟ್ಟಿದ ಸುದ್ದಿ ಬಂತು. ಸಾಯಿಕುಮಾರ ಫೋನಿನಲ್ಲಿ ಬಂದ ಕೂಸಿನ ಫೋಟೋವನ್ನು ಅವ್ವನಿಗೆ ತೋರಿಸಿದ. ಕೂಸು ನಿದ್ದೆಯಲ್ಲಿತ್ತು. ಶಂಕ್ರಮ್ಮ ಆ ಮುಚ್ಚಿದ ಕಣ್ಣುಗಳನ್ನು ಬಹಳ ಹೊತ್ತು ನೋಡಿದಳು. ಮರುದಿನ ಅಡುಗೆ ಮುಗಿಸಿ, ಒದ್ದೆ ಕೈಯನ್ನು ಸೆರಗಿಗೆ ಒರೆಸಿಕೊಳ್ಳುತ್ತ ಮೆಟ್ಟಿಲು ಹತ್ತಿ ಶೆಡ್ಡಿಗೆ ಬಂದು ಸ್ಟೂಲಿನ ಮೇಲೆ ಕುಳಿತಳು.

“ತಗಿ ರೇವಣನ್ನ,” ಎಂದಳು. “ಬರಿ.”

ಗಂಗಾ ಒರೆಸಿದ ಫೋಟೋ ತೆಗೆದು, ಮೇಜಿನ ದೀಪ ಹಚ್ಚಿ, ಹಾಲಿಗೆ ಚಾ ಬಿದ್ದಂಥ ಬಿಳುಪು ಕಲಸಿ, ಅವ್ವನ ಕಣ್ಣು ನೋಡಿದಳು. ಹುಟ್ಟಿದಾಗಿನಿಂದ ಅವಳು ಆ ಕಣ್ಣನ್ನು ಇಷ್ಟು ಹೊತ್ತು ನೋಡಿರಲಿಲ್ಲ. ಒಂದರಲ್ಲಿ ಪೊರೆ ಬರಲು ಶುರುವಾಗಿತ್ತು. ಸುತ್ತ ಒಲೆಯ ಹೊಗೆ ಬರೆದ ಗೆರೆಗಳು. ಅಪ್ಪ ನೋಡಿ ಬರೆದ ಇಪ್ಪತ್ತೆರಡರ ಹೆಂಗಸಿನ ಕಣ್ಣು ಇದಲ್ಲ. ಅದು ಒದ್ದೆ ಹತ್ತಿಯೊಂದಿಗೆ ಕಸದ ಬುಟ್ಟಿಗೆ ಹೋಗಿತ್ತು. ಆದರೂ ಅವಳು ಕುಂಚವನ್ನು ಎಡರೆಪ್ಪೆಯ ಹತ್ತಿರ ತಂದಳು.

ಎದುರಿನ ಕಣ್ಣುಗಳಲ್ಲಿ ನೀರು ತುಂಬಿತು.

“ಅಳಬ್ಯಾಡ ಅನ್ನು,” ಎಂದಳು ಶಂಕ್ರಮ್ಮ, ನೆಟ್ಟಗೆ ಕುಳಿತೇ. “ನಿಮ್ಮಪ್ಪಾರು ಅಂದಂಗ ಅನ್ನು. ಅಂದ್ರ ತಡಕೊಂಡು ಕೂಡ್ತೀನಿ. ಅವತ್ತು ಕಣ್ಣು ಕೆಂಪಾಗ್ತಾವಂತ ಅಳಲಿಲ್ಲ. ಆಮ್ಯಾಲೆ ಅವ ಗ್ವಾಡಿ ಮ್ಯಾಲಿಂದ ನೋಡಾಕತ್ತಾನಂತ ಅಳಲಿಲ್ಲ.”

ಗಂಗಾ ಕುಂಚವನ್ನು ನೀರಿನ ಬಟ್ಟಲಿಗೆ ಹಾಕಿ, ಫೋಟೋ ಎತ್ತಿ ಅವ್ವನ ಮಡಿಲಲ್ಲಿಟ್ಟಳು.

ಶಂಕ್ರಮ್ಮ ಮೊದಲು ಸಣ್ಣಗೆ, ಆಮೇಲೆ ಮೈಯೆಲ್ಲ ಅಲುಗುವಂತೆ ಅತ್ತಳು. ಕೆಳಗೆ ಪಡಸಾಲೆಯಲ್ಲಿ ಹಂಪಯ್ಯ ಎದ್ದು ನಿಂತರು. ಮೇಲೆ ಹತ್ತಲಿಲ್ಲ. ಅತ್ತು ಮುಗಿದ ಮೇಲೆ ಅವಳು ಸೆರಗಿನ ತುದಿಯನ್ನು ರೇವಣನ ಮುಖದ ಮೇಲೆ ಎಳೆದು ಮುಚ್ಚಿದಳು.

“ಆ ಲೈಟು ತಗಿ,” ಎಂದಳು. “ಮಲಗಲಿ.”

ಗಂಗಾ ದೀಪ ಆರಿಸಿದಳು.